ಸಂಕಲನದ ಮೇಜಿನ ಮೇಲೆ ರೂಪುಗೊಂಡ ಚಿತ್ರಗಳು: ಶಾರ್ಲಟ್ ಜ್ವೆರಿನ್ ಅವರ ವೃತ್ತಿಜೀವನ

ಕಥಾಚಿತ್ರವೊಂದರ ಚಿತ್ರೀಕರಣ ಆರಂಭವಾಗುವ ಮೊದಲೇ ಅದರ ಚಿತ್ರಕಥೆ ಸಿದ್ಧವಾಗಿರುತ್ತದೆ. ಯಾವ ದೃಶ್ಯದ ಬೆನ್ನಿಗೆ ಯಾವ ದೃಶ್ಯ ಬರಬೇಕು, ಯಾವ ಪಾತ್ರ ಯಾವ ಮಾತನ್ನಾಡಬೇಕು, ಕಥೆ ಎಲ್ಲಿ ನಿಲ್ಲಬೇಕು ಎಂಬುದನ್ನೆಲ್ಲ ಕಾಗದದ ಮೇಲೆ ತೀರ್ಮಾನಿಸಿಕೊಂಡೇ ತಂಡವು ಕೆಲಸಕ್ಕೆ ಇಳಿಯುತ್ತದೆ. ಸಾಕ್ಷ್ಯಚಿತ್ರದಲ್ಲಿ, ಅದರಲ್ಲೂ ಕಣ್ಣೆದುರು ನಡೆಯುತ್ತಿರುವ ಬದುಕನ್ನು ಅದು ನಡೆದಂತೆಯೇ ಹಿಡಿಯಲು ಹೊರಟ ಸಾಕ್ಷ್ಯಚಿತ್ರದಲ್ಲಿ, ಈ ಕ್ರಮ ತಲೆಕೆಳಗಾಗುತ್ತದೆ: ಮೊದಲು ಚಿತ್ರೀಕರಣ ನಡೆಯುತ್ತದೆ, ಆಮೇಲೆ ಕಥೆಯ ಹುಡುಕಾಟ ತೊಡಗುತ್ತದೆ, ಮತ್ತು ಆ ಹುಡುಕಾಟ ನಡೆಯುವುದು ಕ್ಯಾಮೆರಾದ ಹಿಂದೆ ಅಲ್ಲ, ಸಂಕಲನದ ಕೋಣೆಯಲ್ಲಿ. ಚಿತ್ರೀಕರಿಸಿದ ತುಣುಕುಗಳನ್ನು ನೋಡಿ, ಆರಿಸಿ, ಕತ್ತರಿಸಿ, ಜೋಡಿಸುವ ಸಂಕಲನಕಾರರು ಹೀಗಾಗಿ ಇಲ್ಲಿ ಬರಹಗಾರರ ಹೊಣೆಯನ್ನೂ ಹೊರುತ್ತಾರೆ. ಈ ಮಾತಿಗೆ ಅಮೆರಿಕದ ಶಾರ್ಲಟ್ ಜ್ವೆರಿನ್ ಅವರ ವೃತ್ತಿಜೀವನಕ್ಕಿಂತ ಬಲವಾದ ಪುರಾವೆ ಸಿಗುವುದು ಕಷ್ಟ. ಆದರೂ ಅವರ ಚಿತ್ರಗಳನ್ನು ಮೆಚ್ಚಿದ ಬಹುಪಾಲು ಪ್ರೇಕ್ಷಕರಿಗೆ ಅವರ ಹೆಸರು ಇಂದಿಗೂ ಪರಿಚಿತವಲ್ಲ.

ಜ್ವೆರಿನ್ ಹುಟ್ಟಿದ್ದು 1931ರಲ್ಲಿ, ಮೋಟಾರು ಕಾರ್ಖಾನೆಗಳ ನಗರವೆಂದು ಹೆಸರಾದ ಡೆಟ್ರಾಯಿಟ್‌ನಲ್ಲಿ. ಅಲ್ಲಿನ ವೇಯ್ನ್ ವಿಶ್ವವಿದ್ಯಾಲಯದಲ್ಲಿ ಓದು ಮುಗಿಸಿ ನ್ಯೂಯಾರ್ಕಿಗೆ ಬಂದ ಅವರು ಸಿಬಿಎಸ್ ದೂರದರ್ಶನ ಸಂಸ್ಥೆಯಲ್ಲಿ ಹಳೆಯ ಚಿತ್ರಸುರುಳಿಗಳನ್ನು ವಿಂಗಡಿಸಿಡುವ ಗ್ರಂಥಪಾಲಕಿಯಾಗಿ ಕೆಲಸಕ್ಕೆ ಸೇರಿದರು. ಹೊರನೋಟಕ್ಕೆ ಇದು ಗುಮಾಸ್ತಿಕೆಯಂತೆ ಕಂಡರೂ, ಸಾವಿರಾರು ಅಡಿ ಚಿತ್ರಸುರುಳಿಯಲ್ಲಿ ಯಾವ ಶಾಟ್ ಎಲ್ಲಿದೆ ಎಂಬುದನ್ನು ನೆನಪಿನಲ್ಲಿಟ್ಟುಕೊಂಡು, ಬೇಕೆಂದಾಗ ಹೊರತೆಗೆಯುವ ಅಭ್ಯಾಸವೇ ಸಂಕಲನದ ಅಡಿಪಾಯವಾದ್ದರಿಂದ ಇದಕ್ಕಿಂತ ಉತ್ತಮ ತರಬೇತಿ ಇರಲಾರದು ಎನ್ನಬಹುದು. ಅಲ್ಲಿಂದ ಅವರು ಪತ್ರಕರ್ತ ರಾಬರ್ಟ್ ಡ್ರೂ ಕಟ್ಟಿದ ಡ್ರೂ ಅಸೋಸಿಯೇಟ್ಸ್ ತಂಡಕ್ಕೆ ಬಂದರು. ಅಮೆರಿಕದ ಸಾಕ್ಷ್ಯಚಿತ್ರದ ದಿಕ್ಕು ಬದಲಾಗುತ್ತಿದ್ದುದು ಆ ತಂಡದಲ್ಲಿಯೇ.

ಆ ಬದಲಾವಣೆಯ ಮೂಲ ಉಪಕರಣಗಳಲ್ಲಿತ್ತು. 1950ರ ದಶಕದವರೆಗೆ ಮಾತನ್ನೂ ಚಿತ್ರವನ್ನೂ ಒಟ್ಟಿಗೆ ಹಿಡಿಯಬೇಕೆಂದರೆ ಭಾರವಾದ ಕ್ಯಾಮೆರಾ, ಮುಕ್ಕಾಲಿ, ಪ್ರಖರ ದೀಪಗಳು ಬೇಕಾಗುತ್ತಿದ್ದವು. ಹಾಗಾಗಿ ಸಾಕ್ಷ್ಯಚಿತ್ರವೆಂದರೆ ಮೊದಲೇ ಬರೆದಿಟ್ಟ ವಿವರಣೆಗೆ ತಕ್ಕಂತೆ ಚಿತ್ರಗಳನ್ನು ಪೋಣಿಸಿ, ಗಂಭೀರ ದನಿಯಲ್ಲಿ ನಿರೂಪಣೆ ಓದಿಸುವ ಕ್ರಮವೇ ರೂಢಿಯಾಗಿತ್ತು. ಹೆಗಲ ಮೇಲೆ ಹೊತ್ತು ಓಡಾಡಬಹುದಾದ 16 ಮಿಲಿಮೀಟರಿನ ಕ್ಯಾಮೆರಾ ಮತ್ತು ಅದರ ವೇಗಕ್ಕೆ ಸರಿಯಾಗಿ ಓಡುವ ಪುಟ್ಟ ಟೇಪ್ ರೆಕಾರ್ಡರ್ ಬಳಕೆಗೆ ಬಂದಾಗ, ಇಬ್ಬರೇ ಸೇರಿ ಯಾರ ಮನೆಗಾದರೂ ಹೋಗಿ, ಅಲ್ಲಿ ನಡೆಯುವುದನ್ನು ತಡೆಯದೆ, ತಿದ್ದದೆ ದಾಖಲಿಸುವುದು ಸಾಧ್ಯವಾಯಿತು. ವಿಸ್ಕಾನ್‌ಸಿನ್ ರಾಜ್ಯದಲ್ಲಿ ಜಾನ್ ಕೆನಡಿ ಮತ್ತು ಹ್ಯೂಬರ್ಟ್ ಹಂಫ್ರಿ ನಡುವೆ ನಡೆದ ಪಕ್ಷದೊಳಗಿನ ಚುನಾವಣೆಯನ್ನು ಕುರಿತ 1960ರ 'ಪ್ರೈಮರಿ' ಈ ಬಗೆಯ ಮೊದಲ ಮುಖ್ಯ ಚಿತ್ರ. ಪ್ರಶ್ನೆ ಕೇಳದ, ನಟಿಸಿ ತೋರಿಸಿರೆಂದು ಹೇಳದ, ಆದಷ್ಟೂ ನಿರೂಪಣೆಯನ್ನು ದೂರವಿಡುವ ಈ ಶೈಲಿಗೆ ಡೈರೆಕ್ಟ್ ಸಿನಿಮಾ ಎಂಬ ಹೆಸರು ಬಂತು. ಡ್ರೂ ತಂಡದಲ್ಲಿದ್ದು ಮುಂದೆ ಹೊರಬಂದ ಆಲ್ಬರ್ಟ್ ಮತ್ತು ಡೇವಿಡ್ ಮೇಸಲ್ಸ್ ಸಹೋದರರು, ಅಣ್ಣ ಕ್ಯಾಮೆರಾ ಹಿಡಿದು ತಮ್ಮ ಧ್ವನಿ ದಾಖಲಿಸುವ ಏರ್ಪಾಡಿನಲ್ಲಿ, ಈ ಶೈಲಿಯನ್ನು ಬಹಳ ದೂರ ಕೊಂಡೊಯ್ದರು. ಅವರ ಮುಖ್ಯ ಚಿತ್ರಗಳ ಸಂಕಲನದ ಮೇಜಿನಲ್ಲಿ ಜ್ವೆರಿನ್ ಕುಳಿತಿದ್ದರು. 1966ರ 'ಮೀಟ್ ಮಾರ್ಲನ್ ಬ್ರ್ಯಾಂಡೊ' ಮತ್ತು 'ವಿತ್ ಲವ್ ಫ್ರಮ್ ಟ್ರೂಮನ್' ಈ ಸಹಯೋಗದ ಮೊದಲ ಫಲಗಳು.

ಆ ಕಾಲದ ಸಂಕಲನದ ಕೆಲಸ ಹೇಗಿತ್ತೆಂಬುದನ್ನು ತಿಳಿಯದೆ ಜ್ವೆರಿನ್ ಸಾಧನೆಯ ತೂಕ ಅರಿವಾಗದು. 16 ಮಿಲಿಮೀಟರಿನ 400 ಅಡಿಯ ಒಂದು ಸುರುಳಿ ಸುಮಾರು 11 ನಿಮಿಷ ಓಡುತ್ತದೆ. ವಾರಗಟ್ಟಲೆ ಚಿತ್ರೀಕರಣ ಮುಗಿಸಿ ಬರುವ ಹೊತ್ತಿಗೆ ಇಂತಹ ಸುರುಳಿಗಳು ರಾಶಿ ಬಿದ್ದಿರುತ್ತವೆ. ಸಂಸ್ಕರಿಸಿ ತಂದ ಈ ಕಚ್ಚಾ ತುಣುಕುಗಳಿಗೆ ಚಿತ್ರರಂಗದವರು ರಶಸ್ ಎನ್ನುತ್ತಾರೆ. ಮೂಲ ನೆಗೆಟಿವ್‌ಗೆ ಕೈ ಹಚ್ಚದೆ ಅದರ ಪ್ರತಿಯೊಂದನ್ನು ತೆಗೆಸಿ, ಬೇರೆ ಟೇಪಿನಲ್ಲಿರುವ ಧ್ವನಿಯನ್ನು ತುಟಿಯ ಚಲನೆಗೆ ಹೊಂದಿಸಿ, ಪ್ರತಿ ಶಾಟ್‌ನಲ್ಲಿ ಯಾರಿದ್ದಾರೆ, ಏನು ಹೇಳಿದ್ದಾರೆ ಎಂದು ಪಟ್ಟಿ ಮಾಡಿಕೊಳ್ಳುವುದರಲ್ಲೇ ಮೊದಲ ಹಂತ ಕಳೆಯುತ್ತದೆ. ಆಮೇಲೆ ಚಿತ್ರ ಮತ್ತು ಧ್ವನಿಯ ಸುರುಳಿಗಳನ್ನು ಚಪ್ಪಟೆ ತಟ್ಟೆಗಳ ಮೇಲೆ ಒಟ್ಟಿಗೆ ಓಡಿಸಿ ಪುಟ್ಟ ಪರದೆಯಲ್ಲಿ ನೋಡಬಹುದಾದ, ಸ್ಟೀನ್‌ಬೆಕ್‌ನಂತಹ ಯಂತ್ರದ ಮುಂದೆ ಕುಳಿತು, ಬೇಕಾದ ಜಾಗದಲ್ಲಿ ಬಣ್ಣದ ಪೆನ್ಸಿಲಿನಿಂದ ಗುರುತು ಹಾಕಿ, ಕತ್ತರಿಸಿ, ಅಂಟು ಪಟ್ಟಿಯಿಂದ ಜೋಡಿಸುವ ಕೆಲಸ. ಹೀಗೆ ಮೊದಲು ಸಿದ್ಧವಾಗುವ ಒರಟು ಜೋಡಣೆಯೇ ರಫ್ ಕಟ್. ಅದನ್ನು ನೋಡುತ್ತ, ಬಿಚ್ಚುತ್ತ, ಮತ್ತೆ ಕಟ್ಟುತ್ತ ಹೋಗುವುದು ತಿಂಗಳುಗಟ್ಟಲೆಯ ಶ್ರಮ. ಒಂದು ದೃಶ್ಯವನ್ನು ಚಿತ್ರದ ಕೊನೆಯಿಂದ ಮೊದಲಿಗೆ ತರಬೇಕೆಂದರೂ ಕೈಯಿಂದಲೇ ಬಿಡಿಸಿ ಕೈಯಿಂದಲೇ ಅಂಟಿಸಬೇಕಾಗಿದ್ದ ಕಾಲವಾದ್ದರಿಂದ, ಪ್ರತಿ ಬದಲಾವಣೆಗೂ ಮುನ್ನ ಸಂಕಲನಕಾರರು ಇಡೀ ಚಿತ್ರವನ್ನು ಮನಸ್ಸಿನಲ್ಲೇ ಓಡಿಸಿ ನೋಡಬೇಕಾಗಿತ್ತು.

1969ರಲ್ಲಿ ತೆರೆಗೆ ಬಂದ 'ಸೇಲ್ಸ್‌ಮನ್' ಈ ಶ್ರಮದ ನಡುವಿನಿಂದ ಕಥೆಯೊಂದು ಹೇಗೆ ಹೊರಬರುತ್ತದೆ ಎಂಬುದಕ್ಕೆ ಒಳ್ಳೆಯ ಉದಾಹರಣೆ. ಮಿಡ್-ಅಮೆರಿಕನ್ ಬೈಬಲ್ ಕಂಪನಿಯ ನಾಲ್ವರು ಮಾರಾಟಗಾರರು ಮನೆಮನೆಗೆ ಹೋಗಿ 49.95 ಡಾಲರ್ ಬೆಲೆಯ ಚಿತ್ತಾರದ ಬೈಬಲ್ ಪ್ರತಿಗಳನ್ನು ಮಾರುವುದೇ ಅದರ ವಸ್ತು. ಕೊಳ್ಳುವವರಲ್ಲಿ ಹೆಚ್ಚಿನವರು ಕೆಳ ಮಧ್ಯಮ ವರ್ಗದ ಕ್ಯಾಥೊಲಿಕ್ ಕುಟುಂಬದವರು, ಭಕ್ತಿಯಿದೆ, ಹಣವಿಲ್ಲ. ಮಾರಾಟಗಾರರಿಗೂ ಅಷ್ಟೇ, ಮಾತಿನ ಚಾತುರ್ಯವಿದೆ, ನೆಮ್ಮದಿಯಿಲ್ಲ. ಮೇಸಲ್ಸ್ ಸಹೋದರರು ಬಾಸ್ಟನ್ ಸುತ್ತಮುತ್ತಲಿನ ಹಿಮ ಬಿದ್ದ ಬೀದಿಗಳಿಂದ ಷಿಕಾಗೊದ ಮಾರಾಟ ಸಮ್ಮೇಳನದವರೆಗೆ, ಅಲ್ಲಿಂದ ಫ್ಲೋರಿಡಾದ ಬಿಸಿಲಿನವರೆಗೆ ಈ ನಾಲ್ವರ ಬೆನ್ನುಹತ್ತಿ ಚಿತ್ರೀಕರಿಸಿದ್ದರು. ನಾಲ್ವರಿಗೂ ಅಡ್ಡಹೆಸರುಗಳಿದ್ದವು, ನಾಲ್ವರದೂ ಬೇರೆ ಬೇರೆ ಸ್ವಭಾವ. ಆದ್ದರಿಂದ ಡೇವಿಡ್ ಮೇಸಲ್ಸ್ ಮತ್ತು ಜ್ವೆರಿನ್ ಮೊದಲು ಯತ್ನಿಸಿದ್ದು ನಾಲ್ವರ ಕಥೆಯನ್ನು ಸಮನಾಗಿ ಹೆಣೆಯಲು. ಜ್ವೆರಿನ್ ಮುಂದೆ ವಿವರಿಸಿದಂತೆ, ಆ ಹೆಣಿಗೆ ನಿಲ್ಲಲಿಲ್ಲ. ರಶಸ್ ಅನ್ನು ಮತ್ತೆ ಮತ್ತೆ ನೋಡಿದ ಮೇಲೆ ಇದು ನಾಲ್ವರ ಚಿತ್ರವಲ್ಲ, ಬ್ಯಾಡ್ಜರ್ ಎಂಬ ಅಡ್ಡಹೆಸರಿನ ಪಾಲ್ ಬ್ರೆನನ್ ಒಬ್ಬನ ಚಿತ್ರ ಎಂಬುದು ಮನವರಿಕೆಯಾಯಿತು.

ಈ ಒಂದು ಅರಿವಿನಿಂದ ಚಿತ್ರದ ಪ್ರತಿಯೊಂದು ತುಣುಕಿನ ಬೆಲೆಯೂ ಬದಲಾಯಿತು. ಉಳಿದ ಮೂವರು ಚೆನ್ನಾಗಿ ಮಾರುವ ದೃಶ್ಯಗಳು ಈಗ ಅವರ ಪರಿಚಯಕ್ಕಾಗಿ ಇರುವ ದೃಶ್ಯಗಳಾಗಿ ಉಳಿಯದೆ, ಮಾರಲಾಗದ ಪಾಲ್‌ನ ಕುಸಿತವನ್ನು ಅಳೆಯುವ ಅಳತೆಗೋಲಾದವು. ಚಿತ್ರ ಆರಂಭವಾಗುವುದೇ ಪಾಲ್ ಮಹಿಳೆಯೊಬ್ಬರಿಗೆ ಬೈಬಲ್ ತೋರಿಸುತ್ತಿರುವಾಗ. ಆಕೆ ಕೊಳ್ಳಲಾಗದೆ ಸಂಕೋಚಪಡುತ್ತಿರಲು, ಮಡಿಲಿನಿಂದ ಇಳಿದ ಪುಟ್ಟ ಮಗಳು ಪಿಯಾನೊ ಬಳಿ ಹೋಗಿ ಮನಸ್ಸಿಗೆ ಬಂದಂತೆ ನುಡಿಸುತ್ತಾಳೆ, ಮತ್ತು ಆ ಕೆಲವು ಸ್ವರಗಳಲ್ಲಿಯೇ ಮುಂದಿನ ಸೋಲಿನ ಸೂಚನೆ ಕೇಳಿಸುತ್ತದೆ. ಫ್ಲೋರಿಡಾದ ಓಪಾ-ಲಾಕಾ ಎಂಬ ಊರಿನಲ್ಲಿ, ಅರೇಬಿಯನ್ ಕಥೆಗಳಿಂದ ಎತ್ತಿಕೊಂಡ ಹೆಸರುಗಳಿರುವ ಬೀದಿಗಳಲ್ಲಿ, ವಿಳಾಸ ಸಿಗದೆ ಪಾಲ್ ಕಾರು ಸುತ್ತಿಸುವ ದೃಶ್ಯ ಒಂಟಿಯಾಗಿ ನೋಡಿದರೆ ಬರಿಯ ತಮಾಷೆ. ಸತತ ವೈಫಲ್ಯಗಳ ನಡುವೆ ಇಟ್ಟಾಗ ಅದು ದಾರಿ ತಪ್ಪಿದ ಮನುಷ್ಯನ ಚಿತ್ರವಾಗುತ್ತದೆ. ಸಂಕಲನವೆಂದರೆ ಬೇಡದ್ದನ್ನು ತೆಗೆದುಹಾಕುವ ಕೆಲಸವೆಂದು ತಿಳಿದವರಿಗೆ ಈ ಚಿತ್ರ ಬೇರೆಯದೇ ಪಾಠ ಕಲಿಸುತ್ತದೆ: ಒಂದು ದೃಶ್ಯದ ಅರ್ಥ ಆ ದೃಶ್ಯದೊಳಗೆ ಇರುವುದಕ್ಕಿಂತ ಹೆಚ್ಚಾಗಿ ಅದರ ಅಕ್ಕಪಕ್ಕದಲ್ಲಿ ಇರುತ್ತದೆ.

ಇಲ್ಲಿಯೇ ಸಾಕ್ಷ್ಯಚಿತ್ರ ಸಂಕಲನದ ನೈತಿಕ ಪ್ರಶ್ನೆಯೂ ಹುಟ್ಟುತ್ತದೆ. 'ಸೇಲ್ಸ್‌ಮನ್' ಚಿತ್ರದ ಹೆಚ್ಚು ಚರ್ಚೆಗೊಳಗಾದ ಭಾಗದಲ್ಲಿ ಪಾಲ್ ಷಿಕಾಗೊಗೆ ಹೋಗುವ ರೈಲಿನಲ್ಲಿ ಕಿಟಕಿಯಾಚೆ ನೋಡುತ್ತ ಕುಳಿತಿದ್ದಾನೆ. ಅದರೊಂದಿಗೆ, ಸಮ್ಮೇಳನದಲ್ಲಿ ಮಾರಾಟಗಾರರು ಒಬ್ಬೊಬ್ಬರಾಗಿ ಎದ್ದುನಿಂತು ಈ ವರ್ಷ ಇಷ್ಟು ಸಂಪಾದಿಸುತ್ತೇನೆಂದು ಘೋಷಿಸುವ ದೃಶ್ಯ ಮತ್ತು ಧ್ವನಿಗಳು ಹೆಣೆದುಕೊಂಡಿವೆ. ರೈಲಿನಲ್ಲಿದ್ದಾಗ ಪಾಲ್‌ನ ತಲೆಯಲ್ಲಿ ಏನು ಓಡುತ್ತಿತ್ತೆಂದು ಕ್ಯಾಮೆರಾ ಹೇಳಲಾರದು, ಹೇಳುತ್ತಿರುವುದು ಸಂಕಲನ. ಬದುಕನ್ನು ತಿದ್ದದೆ ತೋರಿಸುತ್ತೇವೆಂದು ಹೊರಟವರು ಕಥಾಚಿತ್ರದ ತಂತ್ರ ಬಳಸಬಹುದೇ ಎಂದು ವಿದ್ವಾಂಸರು ಕೇಳಿದ್ದು ಸಹಜವೇ ಆಗಿತ್ತು. ಆದರೆ ಈ ಆಕ್ಷೇಪವನ್ನು ಪೂರ್ತಿಯಾಗಿ ಒಪ್ಪಿದರೆ ಸಂಕಲನವೆಂಬುದನ್ನೇ ಕೈಬಿಡಬೇಕಾಗುತ್ತದೆ, ಏಕೆಂದರೆ ಎರಡು ಶಾಟ್‌ಗಳನ್ನು ಪಕ್ಕಪಕ್ಕದಲ್ಲಿ ಇಟ್ಟ ಕ್ಷಣದಲ್ಲೇ ವ್ಯಾಖ್ಯಾನ ಆರಂಭವಾಗಿರುತ್ತದೆ. ಕೇಳಬೇಕಾದ ಪ್ರಶ್ನೆ, ಆ ಜೋಡಣೆ ಆ ಮನುಷ್ಯನ ಬದುಕಿಗೆ ನಿಷ್ಠವಾಗಿದೆಯೇ ಎಂಬುದು. ಪಾಲ್‌ನ ದಣಿವನ್ನೂ ಅವನ ಹಾಸ್ಯವನ್ನೂ ಒಟ್ಟಿಗೆ ಉಳಿಸಿಕೊಂಡ ಈ ಚಿತ್ರ ಆ ಪರೀಕ್ಷೆಯಲ್ಲಿ ಗೆಲ್ಲುತ್ತದೆ.

ಮುಂದಿನ ವರ್ಷದ 'ಗಿಮ್ಮಿ ಶೆಲ್ಟರ್' ಒಡ್ಡಿದ ಪರೀಕ್ಷೆ ಇನ್ನೂ ಕಠಿಣವಾದುದು. ಬ್ರಿಟನ್ನಿನ ಸಂಗೀತ ತಂಡ ರೋಲಿಂಗ್ ಸ್ಟೋನ್ಸ್‌ನ ಅಮೆರಿಕ ಪ್ರವಾಸವನ್ನು ಮೇಸಲ್ಸ್ ಸಹೋದರರು ಚಿತ್ರೀಕರಿಸುತ್ತಿದ್ದರು. ಪ್ರವಾಸದ ಕೊನೆಗೆ, 1969ರ ಡಿಸೆಂಬರ್ 6ರಂದು, ಕ್ಯಾಲಿಫೋರ್ನಿಯಾದ ಆಲ್ಟಮಾಂಟ್ ಎಂಬಲ್ಲಿನ ಕಾರು ಪಂದ್ಯದ ಮೈದಾನದಲ್ಲಿ ಉಚಿತ ಕಚೇರಿ ಏರ್ಪಟ್ಟಿತು. ಸುಮಾರು 3 ಲಕ್ಷ ಜನ ಸೇರಿದರು, ವೇದಿಕೆಯ ಸುತ್ತ ಕಾವಲಿಗೆ ನಿಂತವರು ಹೆಲ್ಸ್ ಏಂಜೆಲ್ಸ್ ಎಂಬ ಮೋಟಾರ್‌ಸೈಕಲ್ ಕೂಟದವರು. ಕಚೇರಿಯ ನಡುವೆ ಮೆರೆಡಿತ್ ಹಂಟರ್ ಎಂಬ 18 ವರ್ಷದ ಕಪ್ಪು ಯುವಕ ಪಿಸ್ತೂಲು ಹೊರತೆಗೆದಾಗ ಆ ಕೂಟದವನೊಬ್ಬ ಅವನನ್ನು ಚೂರಿಯಿಂದ ಇರಿದು ಕೊಂದ. ಅದು ಒಂದು ಕ್ಯಾಮೆರಾದಲ್ಲಿ ದಾಖಲಾಗಿತ್ತು. ಸಂಗೀತದ ಸಂಭ್ರಮಕ್ಕೆಂದು ಚಿತ್ರೀಕರಿಸಿದ ಸುರುಳಿಗಳ ನಡುವೆ ಹೀಗೆ ಒಂದು ಸಾವು ಬಂದು ಕುಳಿತಿತ್ತು, ಮತ್ತು ಅದನ್ನು ಏನು ಮಾಡಬೇಕೆಂಬ ಪ್ರಶ್ನೆ ಸಂಕಲನದ ಕೋಣೆಗೆ ಬಂತು.

ಘಟನೆ ನಡೆದ ಕ್ರಮದಲ್ಲಿಯೇ ಜೋಡಿಸಿದ್ದರೆ ಪ್ರೇಕ್ಷಕರು ಹಾಡು ಕೇಳುತ್ತ ಕೇಳುತ್ತ ಕೊನೆಗೆ ಕೊಲೆಯೊಂದರ ಎದುರು ಬಂದು ನಿಲ್ಲುತ್ತಿದ್ದರು, ಸಾವು ಚಿತ್ರದ ಅನಿರೀಕ್ಷಿತ ತಿರುವಾಗಿ, ಬೆರಗು ಹುಟ್ಟಿಸುವ ಸರಕಾಗಿ ಬಳಕೆಯಾಗುತ್ತಿತ್ತು. ಜ್ವೆರಿನ್ ಸೂಚಿಸಿದ ದಾರಿ ಬೇರೆ: ಸ್ಟೋನ್ಸ್ ಸದಸ್ಯರನ್ನೇ ಸಂಕಲನದ ಕೋಣೆಗೆ ಕರೆಸಿ, ಆ ತುಣುಕುಗಳನ್ನು ಅವರಿಗೆ ತೋರಿಸಿ, ಅವರು ನೋಡುವುದನ್ನು ಚಿತ್ರೀಕರಿಸುವುದು. ಹಾಗಾಗಿ ಚಿತ್ರದ ಆರಂಭದಲ್ಲೇ ಚಾರ್ಲಿ ವಾಟ್ಸ್ ಮತ್ತು ಮಿಕ್ ಜಾಗರ್ ಸಂಕಲನ ಯಂತ್ರದ ಮುಂದೆ ಕುಳಿತು, ಕಚೇರಿಯ ನಂತರ ರೇಡಿಯೊದಲ್ಲಿ ಬಿತ್ತರವಾದ ಆರೋಪ ಪ್ರತ್ಯಾರೋಪಗಳನ್ನು ಕೇಳುವುದು ಕಾಣುತ್ತದೆ. ಸಾವು ನಡೆದಿದೆಯೆಂಬುದು ಪ್ರೇಕ್ಷಕರಿಗೆ ಮೊದಲೇ ಗೊತ್ತಾಗುವುದರಿಂದ ಮುಂದಿನ ಪ್ರತಿ ಹಾಡಿನ ಮೇಲೂ ಅದರ ನೆರಳು ಬೀಳುತ್ತದೆ. ಕೊನೆಯ ಭಾಗದಲ್ಲಿ ಡೇವಿಡ್ ಮೇಸಲ್ಸ್ ಆ ಕ್ಷಣವನ್ನು ನಿಧಾನಗತಿಯಲ್ಲಿ ಹಿಂದಕ್ಕೂ ಮುಂದಕ್ಕೂ ಓಡಿಸಿ ಪಿಸ್ತೂಲು ಯಾವುದು, ಚೂರಿ ಯಾವುದು ಎಂದು ಜಾಗರ್‌ಗೆ ತೋರಿಸುತ್ತಾರೆ. ಜಾಗರ್ ಎದ್ದು ಹೊರಡುವಾಗ ಅವರ ಮುಖದ ಮೇಲೆ ಚಿತ್ರ ಸ್ತಬ್ಧವಾಗುತ್ತದೆ. ಸಾಮಾನ್ಯವಾಗಿ ಪ್ರೇಕ್ಷಕರಿಂದ ಮರೆಯಾಗಿರುವ ಸಂಕಲನದ ಮೇಜು ಇಲ್ಲಿ ವಿಚಾರಣೆಯ ಸ್ಥಳವಾಗಿದೆ. ಚಿತ್ರೀಕರಣದ ಆಸೆಯೇ ಇಂತಹ ಕಚೇರಿಗೆ ಇಂಬು ಕೊಟ್ಟಿತಲ್ಲವೇ ಎಂದು ವಿಮರ್ಶಕಿ ಪಾಲಿನ್ ಕೇಲ್ ಕಟುವಾಗಿ ಬರೆದದ್ದೂ ಉಂಟು, ಮೇಸಲ್ಸ್ ಸಹೋದರರು ಮತ್ತು ಜ್ವೆರಿನ್ ಅದನ್ನು ನಿರಾಕರಿಸಿದ್ದೂ ಉಂಟು. ಆದರೆ ಸಾವನ್ನು ರೋಚಕತೆಗೆ ಬಳಸದೆ, ನೋಡುವವರ ಹೊಣೆಯ ಪ್ರಶ್ನೆಯಾಗಿ ಮಾರ್ಪಡಿಸಿದ ಆ ರಚನೆಯ ಬುದ್ಧಿವಂತಿಕೆಯನ್ನು ಅಲ್ಲಗಳೆಯುವುದು ಸಾಧ್ಯವಿಲ್ಲ.

ಈ ಎರಡೂ ಚಿತ್ರಗಳ ನಿರ್ದೇಶಕರ ಪಟ್ಟಿಯಲ್ಲಿ ಮೇಸಲ್ಸ್ ಸಹೋದರರ ಜತೆಗೆ ಮೂರನೆಯ ಹೆಸರಾಗಿ ಶಾರ್ಲಟ್ ಜ್ವೆರಿನ್ ಹೆಸರಿದೆ. ಇದು ಔದಾರ್ಯದಿಂದ ಕೊಟ್ಟ ಗೌರವವಾಗಿರದೆ, ಕೆಲಸದ ಸ್ವರೂಪವನ್ನು ಸರಿಯಾಗಿ ಗುರುತಿಸಿದ ನಿರ್ಧಾರವಾಗಿತ್ತು. 1975ರ 'ಗ್ರೇ ಗಾರ್ಡನ್ಸ್' ಚಿತ್ರದಲ್ಲಿಯೂ ಸಂಕಲನಕಾರರಾದ ಎಲೆನ್ ಹೋವ್ಡೆ ಮತ್ತು ಮಫಿ ಮೇಯರ್ ನಿರ್ದೇಶಕರೆಂದೇ ಉಲ್ಲೇಖಗೊಂಡರು. ಆದರೂ ಇವು ಅಪವಾದಗಳು. ರಷ್ಯದ ಝೀಗಾ ವೆರ್ತೋವ್ ಅವರ 1929ರ 'ಮ್ಯಾನ್ ವಿತ್ ಎ ಮೂವಿ ಕ್ಯಾಮೆರಾ' ಚಿತ್ರದಲ್ಲಿ ಅದರ ಸಂಕಲನಕಾರ್ತಿಯೂ ವೆರ್ತೋವ್ ಅವರ ಪತ್ನಿಯೂ ಆದ ಎಲಿಜವೇತಾ ಸ್ವಿಲೋವಾ ಸ್ವತಃ ಚಿತ್ರಸುರುಳಿ ಕತ್ತರಿಸುತ್ತ ಕಾಣಿಸಿಕೊಂಡರೂ, ಲೋಕ ನೆನಪಿಟ್ಟುಕೊಂಡಿರುವುದು ವೆರ್ತೋವ್ ಹೆಸರನ್ನು ಮಾತ್ರ. ಪ್ರಶಸ್ತಿಗಳ ವಿಷಯದಲ್ಲಿಯೂ ಇದೇ ಕಥೆ. ಅಮೆರಿಕದ ಆಸ್ಕರ್‌ನಲ್ಲಿ ಸಂಕಲನಕ್ಕೆ ಪ್ರತ್ಯೇಕ ಪ್ರಶಸ್ತಿಯಿದ್ದರೂ, 1970ರ 'ವುಡ್‌ಸ್ಟಾಕ್', 1994ರ 'ಹೂಪ್ ಡ್ರೀಮ್ಸ್' ಸಾಕ್ಷ್ಯಚಿತ್ರಗಳು ಆ ವಿಭಾಗದಲ್ಲಿ ನಾಮನಿರ್ದೇಶನದಲ್ಲೇ ನಿಂತವು. ಸಾಕ್ಷ್ಯಚಿತ್ರಕ್ಕೆಂದೇ ಇರುವ ಪ್ರಶಸ್ತಿ ನಿರ್ದೇಶಕ, ನಿರ್ಮಾಪಕರ ಕೈಸೇರುತ್ತದೆ.

ಯಾವುದೇ ಸಂಸ್ಥೆಯ ಸಂಬಳಕ್ಕೆ ಕಟ್ಟುಬೀಳದೆ, ಚಿತ್ರದಿಂದ ಚಿತ್ರಕ್ಕೆ ಒಪ್ಪಂದದ ಮೇಲೆ ದುಡಿಯುವವರನ್ನು ಸ್ವತಂತ್ರ ಸಂಕಲನಕಾರರೆನ್ನುತ್ತಾರೆ. ಈ ಬದುಕಿನಲ್ಲಿ ಆಯ್ಕೆಯ ಸ್ವಾತಂತ್ರ್ಯವೂ ಇದೆ, ಮುಂದಿನ ಕೆಲಸ ಯಾವಾಗ ಸಿಕ್ಕೀತೆಂಬ ಅನಿಶ್ಚಿತತೆಯೂ ಇದೆ. ಇಂತಹ ಬದುಕಿನಲ್ಲೇ ಸ್ವಂತ ಚಿತ್ರಗಳತ್ತ ಹೊರಳಿದ ಜ್ವೆರಿನ್ ಕಲೆ ಮತ್ತು ಸಂಗೀತವನ್ನು ತಮ್ಮ ಕ್ಷೇತ್ರವಾಗಿಸಿಕೊಂಡರು: ಚಿತ್ರಕಾರರಾದ ವಿಲೆಮ್ ಡಿ ಕೂನಿಂಗ್ ಮತ್ತು ಆರ್ಷಿಲ್ ಗೋರ್ಕಿ, ಶಿಲ್ಪಿ ಇಸಾಮು ನೊಗುಚಿ, ಜಪಾನಿನ ಸಂಗೀತ ಸಂಯೋಜಕ ತೋರು ತಾಕೆಮಿತ್ಸು, ಗಾಯಕಿ ಎಲಾ ಫಿಟ್ಸ್‌ಜೆರಾಲ್ಡ್ ಇವರೆಲ್ಲ ಅವರ ಚಿತ್ರಗಳ ವಸ್ತುವಾದರು. ನಡುವೆ ಮೇಸಲ್ಸ್ ಸಹೋದರರ ಜತೆಗೂ ಮತ್ತೆ ಕೆಲಸ ಮಾಡಿದರು. ಕಲಾವಿದ ಕ್ರಿಸ್ಟೊ ಕ್ಯಾಲಿಫೋರ್ನಿಯಾದ ಬೆಟ್ಟಗಳ ಮೇಲೆ ಸುಮಾರು 39 ಕಿಲೋಮೀಟರ್ ಉದ್ದದ ಬಟ್ಟೆಯ ಬೇಲಿ ಕಟ್ಟಿದ ಕಥೆ ಹೇಳುವ 'ರನಿಂಗ್ ಫೆನ್ಸ್' ಅಂತಹುದೊಂದು.

ಈ ಅವಧಿಯ ಮೇರುಕೃತಿ 1988ರ 'ಥೆಲೋನಿಯಸ್ ಮಂಕ್: ಸ್ಟ್ರೇಟ್, ನೋ ಚೇಸರ್'. ಜಾಝ್ ಸಂಗೀತದ ಮಹಾನ್ ಪಿಯಾನೊ ವಾದಕ ಮಂಕ್ 1982ರಲ್ಲಿ ತೀರಿಕೊಂಡಿದ್ದರು. ಅವರನ್ನು 1967-68ರಲ್ಲಿ ಪಶ್ಚಿಮ ಜರ್ಮನಿಯ ದೂರದರ್ಶನಕ್ಕಾಗಿ ಬ್ಲ್ಯಾಕ್‌ವುಡ್ ಸಹೋದರರು ಚಿತ್ರೀಕರಿಸಿದ್ದ ಸುಮಾರು 14 ಗಂಟೆಗಳ ಸುರುಳಿಗಳು ವರ್ಷಗಟ್ಟಲೆ ಬಳಕೆಯಾಗದೆ ಬಿದ್ದಿದ್ದವು. ಇನ್ನೊಬ್ಬರು ಇಪ್ಪತ್ತು ವರ್ಷಗಳ ಹಿಂದೆ ಹಿಡಿದ ಚಿತ್ರಿಕೆಗಳನ್ನು ಮುಂದಿಟ್ಟುಕೊಂಡು, ಏನನ್ನೂ ಹೊಸದಾಗಿ ಕೇಳಲಾಗದ ಮನುಷ್ಯನೊಬ್ಬನ ಕಥೆ ಹೇಳಬೇಕಾದ ಇಂತಹ ಸನ್ನಿವೇಶ ನಿರ್ದೇಶಕರಿಗಿಂತ ಸಂಕಲನಕಾರರಿಗೇ ಹೆಚ್ಚು ಒಗ್ಗುವಂಥದ್ದು. ನಟ, ನಿರ್ದೇಶಕ ಕ್ಲಿಂಟ್ ಈಸ್ಟ್‌ವುಡ್ ಅವರ ಬೆಂಬಲ ಸಿಕ್ಕ ಮೇಲೆ ಜ್ವೆರಿನ್ ಮಂಕ್ ಅವರ ಮಗ, ವ್ಯವಸ್ಥಾಪಕ, ಸಹವಾದಕರ ನೆನಪುಗಳನ್ನು ಚಿತ್ರೀಕರಿಸಿ ಹಳೆಯ ತುಣುಕುಗಳೊಂದಿಗೆ ಹೆಣೆದರು. ಮಂಕ್ ನಿಂತಲ್ಲೇ ಗಿರಗಿರನೆ ತಿರುಗುವುದು, ಪ್ರಶ್ನೆಗೆ ಉತ್ತರಿಸದೆ ಸುಮ್ಮನಿರುವುದು ಮೊದಲು ವಿಲಕ್ಷಣ ಪ್ರತಿಭಾವಂತನ ಆಟದಂತೆ ಕಾಣುತ್ತವೆ. ಮನೆಯವರ ಮಾತು ಅವುಗಳ ಪಕ್ಕದಲ್ಲಿ ಬಂದಾಗ ಅವು ಕಾಯಿಲೆಯ ಗುರುತುಗಳಾಗಿ ಬೇರೆಯೇ ಅರ್ಥ ಪಡೆಯುತ್ತವೆ. ಸಂಗೀತವನ್ನು ಮಾತಿನ ಹಿನ್ನೆಲೆಯಾಗಿ ಬಳಸುವ ಚಪಲಕ್ಕೆ ಒಳಗಾಗದೆ, ಬೆರಳುಗಳ ಮೇಲೆ, ನೆಲ ತಟ್ಟುವ ಪಾದದ ಮೇಲೆ ನೋಟ ನೆಟ್ಟು ಕೃತಿಗಳನ್ನು ದೀರ್ಘವಾಗಿ ಕೇಳಿಸಿದ್ದು ಈ ಚಿತ್ರದ ದೊಡ್ಡ ಗುಣ. ಎಲ್ಲಿ ಕತ್ತರಿಸಬಾರದೆಂದು ತಿಳಿಯುವುದು ಕತ್ತರಿಸುವುದಕ್ಕಿಂತ ಕಷ್ಟದ ವಿದ್ಯೆ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ಶಾಶ್ವತ ಸಂರಕ್ಷಣೆಗೆ ಆರಿಸುವ ಚಿತ್ರಗಳ ಪಟ್ಟಿಗೆ 1992ರಲ್ಲಿ 'ಸೇಲ್ಸ್‌ಮನ್', 2017ರಲ್ಲಿ ಮಂಕ್ ಕುರಿತ ಈ ಚಿತ್ರ ಸೇರಿದವು. ಜ್ವೆರಿನ್ 2004ರ ಜನವರಿಯಲ್ಲಿ, ತಮ್ಮ 72ನೆಯ ವಯಸ್ಸಿನಲ್ಲಿ, ನ್ಯೂಯಾರ್ಕಿನಲ್ಲಿ ನಿಧನರಾದರು.

ಭಾರತದಲ್ಲಿಯೂ ಸಂಕಲನದಿಂದ ನಿರ್ದೇಶನಕ್ಕೆ ಸಾಗುವ ಈ ದಾರಿಯಲ್ಲಿ ನಡೆದವರು ಇಲ್ಲದಿಲ್ಲ. ಪುಣೆಯ ಫಿಲ್ಮ್ ಅಂಡ್ ಟೆಲಿವಿಷನ್ ಇನ್‌ಸ್ಟಿಟ್ಯೂಟ್‌ನಲ್ಲಿ ಸಂಕಲನ ಕಲಿತ ರೀನಾ ಮೋಹನ್ ಅನೇಕ ಸಾಕ್ಷ್ಯಚಿತ್ರಗಳನ್ನು ಸಂಕಲಿಸಿದವರು. 1913ರಲ್ಲಿ ಫಾಲ್ಕೆಯವರ 'ಮೋಹಿನಿ ಭಸ್ಮಾಸುರ'ದಲ್ಲಿ ನಟಿಸಿದ ಕಮಲಾಬಾಯಿ ಗೋಖಲೆ ಅವರನ್ನು ಕುರಿತು 1990ರ ದಶಕದ ಆರಂಭದಲ್ಲಿ 'ಕಮಲಾಬಾಯಿ' ಎಂಬ ಚಿತ್ರವನ್ನು ನಿರ್ದೇಶಿಸಿದರು. ಸುರುಳಿಯ ಕಾಲ ಮುಗಿದು ಕಂಪ್ಯೂಟರಿನಲ್ಲಿ ಸಂಕಲನ ನಡೆಯುವ ಇಂದು ಕತ್ತರಿಸಿ ಅಂಟಿಸುವ ಶ್ರಮ ತಪ್ಪಿದೆ, ಆದರೆ ಚಿತ್ರೀಕರಣದ ಖರ್ಚು ಇಳಿದಿರುವುದರಿಂದ ನೂರಾರು ಗಂಟೆಗಳ ರಶಸ್ ಬಂದು ಬೀಳುವುದು ಮಾಮೂಲಾಗಿದೆ. ಹಲವು ಭಾಷೆಗಳ ಈ ದೇಶದಲ್ಲಿ ಸಂಕಲನಕಾರರಿಗೆ ತಿಳಿಯದ ನುಡಿಯ ಚಿತ್ರ ಎದುರಾಗುವುದೂ ಅಪರೂಪವಲ್ಲ. ಆಗ ಪ್ರತಿ ಮಾತನ್ನೂ ಅನುವಾದಿಸಿ ಬರೆಸಿಕೊಂಡು, ಮಾತಿನ ನಡುವಿನ ಮೌನ, ಮುಖಭಾವಗಳನ್ನು ತಾವೇ ಓದಿಕೊಂಡು ಮುಂದುವರಿಯಬೇಕಾಗುತ್ತದೆ.

ನಮ್ಮ ಬಂಡೀಪುರಕ್ಕೆ ಅಂಟಿಕೊಂಡೇ ಇರುವ ಮುದುಮಲೈ ಕಾಡಿನ ಬೊಮ್ಮನ್, ಬೆಳ್ಳಿ ದಂಪತಿ ಮತ್ತು ಅವರು ಸಾಕಿದ ಆನೆಮರಿಗಳನ್ನು ಕುರಿತ 'ದಿ ಎಲಿಫೆಂಟ್ ವಿಸ್ಪರರ್ಸ್' ಚಿತ್ರಕ್ಕೆ 2023ರಲ್ಲಿ ಆಸ್ಕರ್ ಬಂದಾಗ ಕರ್ನಾಟಕದಲ್ಲಿಯೂ ಸಂಭ್ರಮವಿತ್ತು, ನಿರ್ದೇಶಕಿ ಕಾರ್ತಿಕಿ ಗೊನ್ಸಾಲ್ವಿಸ್ ಅವರ ಹೆಸರು ಎಲ್ಲೆಡೆ ಕೇಳಿಬಂತು. ಆ ಚಿತ್ರದ ಸಂಕಲನ ಸಂಚಾರಿ ದಾಸ್ ಮಲ್ಲಿಕ್ ಮತ್ತು ಡಗ್ಲಸ್ ಬ್ಲಶ್ ಅವರದು. ಮುಂದೆ ಯಾವುದೇ ಸಾಕ್ಷ್ಯಚಿತ್ರ ನೋಡಿದಾಗಲೂ ಕೊನೆಯಲ್ಲಿ ಹೆಸರುಗಳು ಬರುವವರೆಗೆ ಕುಳಿತು, ಸಂಕಲನ ಯಾರದೆಂದು ಓದುಗರು ದಯವಿಟ್ಟು ಗಮನಿಸಬೇಕು.